ಯಾವುದು ಡೈನೋಸಾರ್, ಯಾವುದು ಅಲ್ಲ?

ಪ್ರಶ್ನೆ: ನಾನು ದಾವಣಗೆರೆ ಜಿಲ್ಲೆಯ ಹಳ್ಳಿಯೊಂದರ ಪ್ರೌಢಶಾಲೆಯಲ್ಲಿ ವಿಜ್ಞಾನ ಶಿಕ್ಷಕಿ. ತಾಲ್ಲೂಕು ಮಟ್ಟದ ವಿಜ್ಞಾನ ವಸ್ತುಪ್ರದರ್ಶನಕ್ಕೆ ನಮ್ಮ ಎಂಟನೇ ತರಗತಿ ಮಕ್ಕಳು ‘ಡೈನೋಸಾರ್ ಲೋಕ’ ಎಂದು ಬೋರ್ಡ್ ಹಾಕಿ ಆರು ಮಾದರಿ ಇಟ್ಟಿದ್ದರು. ಟಿ. ರೆಕ್ಸ್, ಟ್ರೈಸೆರಾಟಾಪ್ಸ್, ಟೆರೊಡ್ಯಾಕ್ಟೈಲ್, ಇಕ್ತಿಯೋಸಾರ್, ಮೋಸಾಸಾರ್ ಮತ್ತು ಬೆನ್ನ ಮೇಲೆ ದೊಡ್ಡ ಹಾಯಿ ಇರುವ ಡೈಮೆಟ್ರೋಡಾನ್. ತೀರ್ಪುಗಾರರೊಬ್ಬರು ‘ಇದರಲ್ಲಿ ನಾಲ್ಕು ಡೈನೋಸಾರೇ ಅಲ್ಲ’ ಅಂದುಬಿಟ್ಟರು. ಮಕ್ಕಳ ಮುಖ ಪೆಚ್ಚಾಯಿತು. ಆಮೇಲೆ ಒಬ್ಬ ಹುಡುಗ ಮೊಬೈಲ್ ನೋಡಿ ‘ಮಿಸ್, ಕೋಳಿ ಡೈನೋಸಾರ್ ಅಂತೆ’ ಅಂದ. ‘ಡೈನೋಸಾರ್ ಅಂದರೆ ಅಳಿದುಹೋದ ದೈತ್ಯ ಹಲ್ಲಿಗಳು’ ಎಂದು ನಾನೇ ಪಾಠ ಮಾಡಿದ್ದೆ. ತಪ್ಪು ಹೇಳಿಕೊಟ್ಟೆನಾ? ಮುಂದಿನ ತಿಂಗಳು ಜಿಲ್ಲಾ ಮಟ್ಟದ ಪ್ರದರ್ಶನ ಇದೆ. ಮಾದರಿಗಳನ್ನು ತೆಗೆಯಬೇಕಾ, ಬೋರ್ಡ್ ಬದಲಿಸಬೇಕಾ? ಭಾರತದ್ದೊಂದು ಸೇರಿಸೋಣ ಅಂದರೆ, ಟೈಟನೋಸಾರಸ್ ಎಂಬ ಹೆಸರೇ ಈಗ ಇಲ್ಲ ಎಂದು ಎಲ್ಲೋ ಓದಿದೆ. ಹೆಸರು ಬರೆಯುವ ಸರಿಯಾದ ಕ್ರಮವನ್ನೂ ತಿಳಿಸಿ.

ಉತ್ತರ:

ಮೇಡಂ, ಮೊದಲು ನಿಮ್ಮ ಆತಂಕದ ವಿಷಯ. ತೀರ್ಪುಗಾರರು ಹೇಳಿದ್ದು ಸರಿ. ಆ ಹುಡುಗ ಓದಿದ್ದೂ ಸರಿ. ಆದರೆ ಮಕ್ಕಳ ಮಾದರಿ ದಂಡವಾಗಲಿಲ್ಲ, ಒಂದನ್ನೂ ಎಸೆಯಬೇಡಿ. ನಾನು ಪಳೆಯುಳಿಕೆ ವಿಜ್ಞಾನ ಕಲಿಸುತ್ತಾ ಬಂದವನು. ಶಾಲಾ ಪ್ರದರ್ಶನಗಳಿಗೆ ತೀರ್ಪುಗಾರನಾಗಿಯೂ ಹೋಗುತ್ತೇನೆ. ನಿಮ್ಮ ಮಕ್ಕಳು ಮಾಡಿದ ಬೆರಕೆಯನ್ನು ನಾನು ಆಟಿಕೆ ಪೆಟ್ಟಿಗೆಗಳ ಮೇಲೆ, ಗೋಡೆಗೆ ಹಾಕುವ ಚಾರ್ಟ್‌ಗಳಲ್ಲಿ, ದೊಡ್ಡವರ ಮಾತಿನಲ್ಲಿ ದಿನವೂ ನೋಡುತ್ತೇನೆ. ಅದಕ್ಕೆ 170 ವರ್ಷಗಳ ಇತಿಹಾಸವೇ ಇದೆ.

ಡೈನೋಸಾರ್ ಎನ್ನುವುದು ಗಾತ್ರದ ಹೆಸರಲ್ಲ, ಕಾಲದ ಹೆಸರೂ ಅಲ್ಲ. ಅದು ಒಂದು ವಂಶದ ಹೆಸರು. ಒಂದೇ ಬೀದಿಯಲ್ಲಿ, ಒಂದೇ ಕಾಲದಲ್ಲಿ ಬಾಳಿದ ಮಾತ್ರಕ್ಕೆ ಎಲ್ಲರೂ ಒಂದೇ ಮನೆತನದವರಾಗುವುದಿಲ್ಲ ಅಲ್ವಾ? ಹಾಗೆಯೇ ಅದೇ ಯುಗದಲ್ಲಿದ್ದ, ದೊಡ್ಡದಾಗಿದ್ದ, ಹಲ್ಲು ಕಿರಿದ ಸರೀಸೃಪವೆಲ್ಲ ಡೈನೋಸಾರ್ ಅಲ್ಲ.

ಹಾಗಾದರೆ ಆ ವಂಶ ಯಾವುದು? ವಿಜ್ಞಾನಿಗಳು ಬಹುಕಾಲದಿಂದ ಬಳಸುವ ಒಂದು ವ್ಯಾಖ್ಯೆ ಕೇಳಲು ವಿಚಿತ್ರ, ಆದರೆ ತರಗತಿಯಲ್ಲಿ ಹೇಳಲು ತುಂಬಾ ಚೆಂದ. ಟ್ರೈಸೆರಾಟಾಪ್ಸ್ ಮತ್ತು ಇಂದಿನ ಗುಬ್ಬಚ್ಚಿ, ಇವೆರಡಕ್ಕೂ ಸಮಾನರಾದ ಪೂರ್ವಜರಲ್ಲಿ ಅತಿ ಹತ್ತಿರದವರನ್ನು ಹಿಡಿಯಿರಿ. ಆ ಪೂರ್ವಜರು ಮತ್ತು ಅವರಿಂದ ಬಂದ ಸಂತತಿಯೆಲ್ಲ ಡೈನೋಸಾರ್. ಅಷ್ಟೇ. ಟಿ. ರೆಕ್ಸ್ ಇದರೊಳಗೆ ಬರುತ್ತದೆ. ಅದು ಗುಬ್ಬಚ್ಚಿ ಇರುವ ಕವಲಿನಲ್ಲೇ ಇದೆ. ಉದ್ದ ಕತ್ತಿನ ದೈತ್ಯ ಸಸ್ಯಾಹಾರಿಗಳೂ ಬರುತ್ತವೆ. ಮೊಸಳೆ ಬರುವುದಿಲ್ಲ, ಅದರ ಕವಲು ಇದಕ್ಕಿಂತ ಮೊದಲೇ ಬೇರೆಯಾಗಿತ್ತು.

ಇನ್ನು ನೀವು ಪಾಠ ಮಾಡಿದ ಆ ಒಂದು ಸಾಲು. ‘ಅಳಿದುಹೋದ ದೈತ್ಯ ಹಲ್ಲಿಗಳು.’ ನಮ್ಮಲ್ಲಿ ಬಹಳ ಜನ ಹಾಗೇ ಕಲಿತಿದ್ದೇವೆ. ಆದರೆ ಅದರ ಮೂರು ಪದಗಳೂ ಈಗ ನಿಲ್ಲುವುದಿಲ್ಲ. ಅಳಿದುಹೋದ ಅನ್ನುವುದು ಹಕ್ಕಿಗಳನ್ನು ಬಿಟ್ಟರೆ ಮಾತ್ರ ನಿಜ. ದೈತ್ಯ ಅನ್ನುವುದೂ ಎಲ್ಲಕ್ಕೂ ಸಲ್ಲದು. ಕೋಳಿ ಗಾತ್ರದ ಡೈನೋಸಾರ್‌ಗಳೂ ಇದ್ದವು. ಹಲ್ಲಿ ಅನ್ನುವುದಂತೂ ಪೂರ್ತಿ ಬೇರೆ ಕವಲು. ಹಲ್ಲಿ, ಓತಿಕ್ಯಾತ, ಉಡ, ಹಾವು ಒಂದು ಕಡೆ. ಮೊಸಳೆ, ಡೈನೋಸಾರ್, ಹಕ್ಕಿ ಇನ್ನೊಂದು ಕಡೆ.

ಈ ‘ಹಲ್ಲಿ’ ಬಂದದ್ದು ಹೆಸರಿನಿಂದಲೇ. ಆ ಕತೆಯನ್ನು ಮಕ್ಕಳಿಗೆ ಸ್ವಲ್ಪ ವಿವರವಾಗಿಯೇ ಹೇಳಿ.

1820ರ ದಶಕದಲ್ಲಿ ಇಂಗ್ಲೆಂಡಿನಲ್ಲಿ ಬಂಡೆಗಳಿಂದ ದೊಡ್ಡ ದೊಡ್ಡ ಮೂಳೆಗಳು ಹೊರಬರುತ್ತಿದ್ದವು. 1824ರಲ್ಲಿ ಆಕ್ಸ್‌ಫರ್ಡ್‌ನ ವಿಲಿಯಂ ಬಕ್‌ಲ್ಯಾಂಡ್ ಒಂದಕ್ಕೆ ಮೆಗಲೋಸಾರಸ್ ಎಂದು ಹೆಸರಿಟ್ಟರು. ಸಸೆಕ್ಸ್‌ನ ವೈದ್ಯ ಗಿಡಿಯನ್ ಮ್ಯಾಂಟೆಲ್ 1825ರಲ್ಲಿ ಇಗ್ವನಡಾನ್, 1833ರಲ್ಲಿ ಹೈಲಿಯೋಸಾರಸ್ ಎಂದು ಇನ್ನೆರಡನ್ನು ಹೆಸರಿಸಿದರು. ಇವು ಭಾರಿ ಗಾತ್ರದ ಹಲ್ಲಿಗಳು ಎಂದೇ ಆಗ ಎಲ್ಲರ ಎಣಿಕೆ. ಅಂಗರಚನೆಯಲ್ಲಿ ಪಳಗಿದ ರಿಚರ್ಡ್ ಓವನ್ ಮೂರನ್ನೂ ಒಟ್ಟಿಗೆ ಇಟ್ಟು ನೋಡಿದರು. ಮೂರರಲ್ಲೂ ಸೊಂಟದ ಭಾಗದ ಬೆನ್ನುಮೂಳೆಗಳು ಒಂದಕ್ಕೊಂದು ಬೆಸೆದಿದ್ದವು. ಕಾಲುಗಳು ಹಲ್ಲಿಯ ಹಾಗೆ ಪಕ್ಕಕ್ಕೆ ಚಾಚಿರಲಿಲ್ಲ, ಆನೆಯ ಹಾಗೆ ಮೈಯ ಕೆಳಗೆ ಕಂಬದಂತೆ ನಿಂತಿದ್ದವು. ಇವು ಮಾಮೂಲಿ ಹಲ್ಲಿಗಳಲ್ಲ, ಬೇರೆಯೇ ಗುಂಪು ಎಂದು ಓವನ್ ತೀರ್ಮಾನಿಸಿದರು. 1842ರಲ್ಲಿ ಅಚ್ಚಾದ ವರದಿಯಲ್ಲಿ ಆ ಗುಂಪನ್ನು ಡೈನೋಸಾರಿಯಾ ಎಂದು ಕರೆದರು.

ಗ್ರೀಕ್ ಭಾಷೆಯಲ್ಲಿ ‘ಸಾರೋಸ್’ ಅಂದರೆ ಹಲ್ಲಿ. ‘ಡೈನೋಸ್’ ಪದಕ್ಕೆ ಭಯಂಕರ ಎಂಬ ಅರ್ಥವನ್ನೇ ಎಲ್ಲ ಕಡೆ ಕೊಡುತ್ತಾರೆ. ಓವನ್ ತಮ್ಮ ವರದಿಯಲ್ಲಿ ಕೊಟ್ಟ ಅರ್ಥದಲ್ಲಿ ದೊಡ್ಡದು ಎಂಬುದೂ ಸೇರಿದೆ. ನೋಡಿದರೆ ಎದೆ ನಡುಗುವಷ್ಟು ದೊಡ್ಡದು ಅನ್ನುವ ಹಾಗೆ. ಕ್ರೂರ, ರಾಕ್ಷಸ ಎಂಬ ಬಣ್ಣ ಆಮೇಲೆ ನಾವು ಹಚ್ಚಿದ್ದು. ಹೀಗಾಗಿ ಹಲ್ಲಿಯಲ್ಲ ಎಂದು ಸಾಧಿಸಿದ ವರದಿಯೇ ಹಲ್ಲಿ ಎಂಬ ಪದವಿರುವ ಹೆಸರು ಕೊಟ್ಟಿತು. ಅದರಲ್ಲಿ ಅಡ್ಡಿಯಿಲ್ಲ. ವೈಜ್ಞಾನಿಕ ಹೆಸರಿನ ಕೆಲಸ ಪ್ರಾಣಿಯನ್ನು ವರ್ಣಿಸುವುದಲ್ಲ, ಗುರುತಿಸುವುದು. ಅರ್ಥ ತಪ್ಪು ಎಂದು ಹೆಸರನ್ನು ಯಾರೂ ತೆಗೆದುಹಾಕುವುದಿಲ್ಲ. ಬೆಸಿಲೋಸಾರಸ್ ಎಂದು 1834ರಲ್ಲಿ ಹೆಸರಾದ ಪ್ರಾಣಿ ಆಮೇಲೆ ತಿಮಿಂಗಿಲ ಎಂದು ಗೊತ್ತಾಯಿತು. ಹೆಸರು ಇಂದಿಗೂ ಬೆಸಿಲೋಸಾರಸ್ಸೇ.

ಆದ್ದರಿಂದ ಮಕ್ಕಳಿಗೆ ಒಂದು ಮಾತು ಒತ್ತಿ ಹೇಳಿ. ಹೆಸರಿನ ಕೊನೆಯಲ್ಲಿ ‘ಸಾರಸ್’ ಅಥವಾ ‘ಸಾರ್’ ಇದ್ದರೆ ಡೈನೋಸಾರ್ ಎಂದು ಸುಮ್ನೆ ಊಹಿಸಬಾರದು. ಟ್ರೈಸೆರಾಟಾಪ್ಸ್ ಹೆಸರಿನಲ್ಲಿ ಅದು ಇಲ್ಲವೇ ಇಲ್ಲ, ಆದರೂ ಅದು ಡೈನೋಸಾರ್.

ಬೆರಕೆಯ ಇತಿಹಾಸ ಇದೆ ಅಂದೆನಲ್ಲ, ಅದು ಇಲ್ಲಿ ಬರುತ್ತದೆ. 1854ರಲ್ಲಿ ಲಂಡನ್ನಿನ ಕ್ರಿಸ್ಟಲ್ ಪ್ಯಾಲೇಸ್ ಉದ್ಯಾನದಲ್ಲಿ ಬೆಂಜಮಿನ್ ವಾಟರ್‌ಹೌಸ್ ಹಾಕಿನ್ಸ್ ಎಂಬ ಶಿಲ್ಪಿ ಓವನ್ ಸಲಹೆಯಂತೆ ಹಳೆಯ ಪ್ರಾಣಿಗಳ ನಿಜಗಾತ್ರದ ಮಾದರಿಗಳನ್ನು ನಿಲ್ಲಿಸಿದರು. ಓವನ್ ಡೈನೋಸಾರ್ ಎಂದು ಗುಂಪು ಮಾಡಿದ್ದ ಅದೇ ಮೂರು ಪ್ರಾಣಿಗಳು ಅಲ್ಲಿದ್ದವು. ಜೊತೆಗೆ ಇಕ್ತಿಯೋಸಾರ್, ಪ್ಲೀಸಿಯೋಸಾರ್ ಎಂಬ ಕಡಲ ಸರೀಸೃಪ, ಮೋಸಾಸಾರ್, ಟೆರೊಡ್ಯಾಕ್ಟೈಲ್ ಇದ್ದವು. ಅಳಿದುಹೋದ ಸ್ತನಿಗಳೂ ಇದ್ದವು. ಅವು ಇಂದಿಗೂ ಅಲ್ಲಿ ನಿಂತಿವೆ. ಜನ ಎಲ್ಲವನ್ನೂ ಸೇರಿಸಿ ‘ಕ್ರಿಸ್ಟಲ್ ಪ್ಯಾಲೇಸ್ ಡೈನೋಸಾರ್‌ಗಳು’ ಎಂದೇ ಕರೆಯುತ್ತಾರೆ. ನಿಮ್ಮ ಮಕ್ಕಳ ಬೋರ್ಡಿನಲ್ಲಿ ಆದದ್ದೂ ಇದೇ. ಅಲ್ಲಿನ ಇಗ್ವನಡಾನ್‌ಗೆ ಮೂಗಿನ ಮೇಲೆ ಒಂದು ಕೊಂಬಿದೆ. 1878ರಲ್ಲಿ ಬೆಲ್ಜಿಯಂನ ಬರ್ನಿಸಾರ್ ಕಲ್ಲಿದ್ದಲು ಗಣಿಯಲ್ಲಿ ಇಗ್ವನಡಾನ್‌ಗಳ ಇಡೀ ಅಸ್ಥಿಪಂಜರಗಳೇ ಸಿಕ್ಕವು. ಆಗ ಖಚಿತವಾಯಿತು, ಅದು ಕೊಂಬಲ್ಲ, ಕೈಯ ಹೆಬ್ಬೆರಳಿನ ಮೂಳೆ. ಓವನ್‌ರಂಥ ಪಂಡಿತರ ಕಣ್ಗಾವಲಿನಲ್ಲೇ ಹೀಗಾಗಿತ್ತು ಎಂದು ಮಕ್ಕಳಿಗೆ ತಿಳಿದರೆ ಅವರ ಪೆಚ್ಚು ಮುಖ ಸ್ವಲ್ಪ ಅರಳಬಹುದು.

ಈಗ ನಿಮ್ಮ ನಾಲ್ಕು ಮಾದರಿಗಳಿಗೆ ಬರೋಣ.

ಟೆರೊಡ್ಯಾಕ್ಟೈಲ್ ಇರುವ ಗುಂಪಿನ ಹೆಸರು ಟೆರೋಸಾರ್. ಡೈನೋಸಾರ್‌ಗಳಿಗೆ ಇವು ತೀರಾ ಹತ್ತಿರದ ದಾಯಾದಿಗಳು, ಆದರೆ ಕವಲು ಬೇರೆ. ಇವುಗಳ ರೆಕ್ಕೆ ಹಕ್ಕಿಯ ರೆಕ್ಕೆಯಲ್ಲ. ಕೈಯ ನಾಲ್ಕನೇ ಬೆರಳು ವಿಪರೀತ ಉದ್ದ ಬೆಳೆದು ಚರ್ಮದ ಪೊರೆಯನ್ನು ಹಿಡಿದಿರುತ್ತದೆ. ಹಕ್ಕಿಗಳು ಇವುಗಳಿಂದ ಬಂದವಲ್ಲ ಎಂಬುದನ್ನೂ ಹೇಳಿ. ಈ ಗೊಂದಲ ಬಹಳ ಜಾಸ್ತಿ. ಇನ್ನೊಂದು ವಿಷಯ. ಮಕ್ಕಳ ಮಾದರಿಗೆ ತಲೆಯ ಹಿಂದೆ ಉದ್ದ ಜುಟ್ಟಿನಂಥ ಮೂಳೆ ಇದ್ದು, ಕೊಕ್ಕಿನಲ್ಲಿ ಹಲ್ಲಿಲ್ಲದಿದ್ದರೆ ಅದು ಟೆರೊಡ್ಯಾಕ್ಟೈಲ್ ಅಲ್ಲ, ಬಹುಶಃ ಅಮೆರಿಕದ ಟೆರನಡಾನ್. ಜರ್ಮನಿಯ ಟೆರೊಡ್ಯಾಕ್ಟಿಲಸ್ ಸಣ್ಣ ಪ್ರಾಣಿ, ಬಾಯಲ್ಲಿ ಹಲ್ಲುಗಳಿದ್ದವು. ಆಟಿಕೆಗಳ ಮೇಲೆ ಇವೆರಡೂ ಸದಾ ಅದಲುಬದಲಾಗುತ್ತವೆ.

ಇಕ್ತಿಯೋಸಾರ್ ಸಮುದ್ರಕ್ಕೆ ಮರಳಿದ ಸರೀಸೃಪ. ನೋಡಲು ಡಾಲ್ಫಿನ್ ಹಾಗೆ. ಇಂಗ್ಲೆಂಡಿನ ಲೈಮ್ ರೀಜಿಸ್ ಕಡಲತೀರದಲ್ಲಿ 1811–12ರ ಹೊತ್ತಿಗೆ ಮೇರಿ ಆ್ಯನಿಂಗ್ ಎಂಬ ಹುಡುಗಿ ಮತ್ತು ಅವಳ ಅಣ್ಣ ಇಕ್ತಿಯೋಸಾರ್ ಒಂದರ ತಲೆಬುರುಡೆ ಮತ್ತು ಮೈ ಹುಡುಕಿ ತೆಗೆದರು. ಮೇರಿಗೆ ಆಗ ನಿಮ್ಮ ಎಂಟನೇ ಕ್ಲಾಸಿನ ಮಕ್ಕಳ ವಯಸ್ಸು. ಇದನ್ನು ದಯವಿಟ್ಟು ಲೇಬಲ್ಲಿನಲ್ಲಿ ಬರೆಸಿ. ಇಕ್ತಿಯೋಸಾರ್‌ಗಳು ಸುಮಾರು 9 ಕೋಟಿ ವರ್ಷಗಳ ಹಿಂದೆಯೇ ಅಳಿದವು, ಟಿ. ರೆಕ್ಸ್ ಹುಟ್ಟುವುದಕ್ಕಿಂತ ಬಹಳ ಮುಂಚೆ.

ಮೋಸಾಸಾರ್ ಕೂಡ ಸಮುದ್ರದ್ದೇ, ಆದರೆ ಬೇರೆ ಕವಲು. ಇದು ಉಡ, ಹಾವುಗಳ ಬಳಗ. ಹಾಗಾಗಿ ‘ದೈತ್ಯ ಹಲ್ಲಿ’ ಎಂಬ ನಿಮ್ಮ ಮಾತು ಸರಿಯಾಗಿ ಒಪ್ಪುವುದು ಇದೊಂದಕ್ಕೆ.

ಡೈಮೆಟ್ರೋಡಾನ್ ವಿಷಯಕ್ಕೆ ಬಂದರೆ ದೊಡ್ಡವರೂ ನಂಬುವುದಿಲ್ಲ. ಅದು ಡೈನೋಸಾರ್ ಆಗಿರುವುದು ಅತ್ತ ಇರಲಿ, ಡೈನೋಸಾರ್‌ಗಿಂತ ನಮಗೇ ಹತ್ತಿರದ ನೆಂಟ. ಸ್ತನಿಗಳು ಹುಟ್ಟಿಬಂದ ಕವಲಿನ ಹಳೆಯ ಸದಸ್ಯ ಅದು. ಕಾಲವೂ ಬೇರೆ. ಅದು ಬದುಕಿದ್ದು ಸುಮಾರು 29.5ರಿಂದ 27 ಕೋಟಿ ವರ್ಷಗಳ ಹಿಂದೆ. ಖಚಿತವಾಗಿ ಡೈನೋಸಾರ್ ಎನ್ನಬಹುದಾದ ಅತ್ಯಂತ ಹಳೆಯ ಮೂಳೆಗಳು ಸುಮಾರು 23 ಕೋಟಿ ವರ್ಷ ಹಳೆಯವು. ನಡುವೆ 4 ಕೋಟಿ ವರ್ಷಗಳ ಅಂತರ.

ಕೋಳಿಯ ವಿಷಯ. 1861ರಲ್ಲಿ ಜರ್ಮನಿಯ ಸುಣ್ಣಕಲ್ಲಿನಲ್ಲಿ ಆರ್ಕಿಯಾಪ್ಟೆರಿಕ್ಸ್ ಸಿಕ್ಕಿತು. ಹಕ್ಕಿಯಂತೆ ಗರಿ, ಸರೀಸೃಪದಂತೆ ಹಲ್ಲು ಮತ್ತು ಉದ್ದನೆಯ ಮೂಳೆಬಾಲ. ಇಂಗ್ಲೆಂಡಿನ ಜೀವವಿಜ್ಞಾನಿ ಥಾಮಸ್ ಹಕ್ಸ್‌ಲಿ ಆ ಕಾಲದಲ್ಲೇ ಹಕ್ಕಿ ಮತ್ತು ಡೈನೋಸಾರ್‌ಗಳ ನಂಟನ್ನು ಎತ್ತಿ ಹೇಳಿದರು. 1960ರ ದಶಕದಲ್ಲಿ ಅಮೆರಿಕದ ಜಾನ್ ಆಸ್ಟ್ರಮ್ ಡೈನೋನಿಕಸ್ ಎಂಬ ಮಾಂಸಾಹಾರಿ ಡೈನೋಸಾರ್‌ನ ಮೂಳೆಗಳನ್ನು ಅಗೆದು, ಅಧ್ಯಯನ ಮಾಡಿದ ಮೇಲೆ ಆ ವಾದಕ್ಕೆ ಮತ್ತೆ ಜೀವ ಬಂತು. 1996ರಲ್ಲಿ ಚೀನಾದಿಂದ ಸೈನೋಸಾರೊಪ್ಟೆರಿಕ್ಸ್ ಎಂಬ ಸಣ್ಣ ಡೈನೋಸಾರ್ ಬಂತು. ಅದರ ಮೈ ತುಂಬಾ ನವಿರಾದ ಗರಿಯಂಥ ಎಳೆಗಳ ಗುರುತು. ಅಲ್ಲಿಂದೀಚೆಗೆ ಗರಿ ಇದ್ದ ಡೈನೋಸಾರ್‌ಗಳು ಸಾಲು ಸಾಲಾಗಿ ಸಿಕ್ಕಿವೆ. ಹಕ್ಕಿಗಳು ಡೈನೋಸಾರ್‌ಗಳಿಂದ ಬಂದವು, ಹಾಗಾಗಿ ವಂಶದ ಲೆಕ್ಕದಲ್ಲಿ ಹಕ್ಕಿಗಳೂ ಡೈನೋಸಾರ್‌ಗಳೇ. ಇದು ಇಂಟರ್‌ನೆಟ್ಟಿನ ಗಾಳಿಮಾತಲ್ಲ, ಇಂದು ಈ ಕ್ಷೇತ್ರದವರು ಸಾಮಾನ್ಯವಾಗಿ ಒಪ್ಪಿದ ಮಾತು. ಆದರೆ ಕೋಳಿ ಟಿ. ರೆಕ್ಸ್‌ನಿಂದಲೇ ಹುಟ್ಟಿತು ಎನ್ನುವುದು ತಪ್ಪು. ಟಿ. ರೆಕ್ಸ್ ಬರುವುದಕ್ಕೆ ಎಷ್ಟೋ ಮೊದಲೇ ಹಕ್ಕಿಗಳಿದ್ದವು. ಇಬ್ಬರೂ ಒಂದೇ ದೊಡ್ಡ ಕವಲಿನ ಬೇರೆ ಬೇರೆ ಟಿಸಿಲುಗಳು. 6.6 ಕೋಟಿ ವರ್ಷಗಳ ಹಿಂದೆ ಅಳಿದದ್ದನ್ನು ಹೇಳುವಾಗ ‘ಹಕ್ಕಿಗಳನ್ನು ಬಿಟ್ಟು ಉಳಿದ ಡೈನೋಸಾರ್‌ಗಳು’ ಎಂದು ಬರೆಸಿ. ಉದ್ದವಾಯಿತು, ಆದರೆ ಯಾರೂ ತಪ್ಪು ಹುಡುಕಲಾರರು.

ಹೆಸರು ಬರೆಯುವ ಕ್ರಮ ಸರಳ. ಇಂಗ್ಲಿಷ್ ಅಕ್ಷರದಲ್ಲಿ ಬರೆದರೆ ಮೊದಲ ಪದವಾದ ಜಾತಿಯ ಹೆಸರಿನ ಮೊದಲ ಅಕ್ಷರ ದೊಡ್ಡದು, ಎರಡನೇ ಪದವಾದ ಪ್ರಭೇದದ ಹೆಸರು ಪೂರ್ತಿ ಸಣ್ಣಕ್ಷರ, ಎರಡೂ ವಾಲಿದ ಅಕ್ಷರಗಳಲ್ಲಿ. ಕೈಬರಹದಲ್ಲಾದರೆ ಅಡಿಗೆರೆ ಎಳೆದರೆ ಸಾಕು. ಕನ್ನಡ ಲಿಪಿಯಲ್ಲಿ ದೊಡ್ಡಕ್ಷರ, ಸಣ್ಣಕ್ಷರ ಇಲ್ಲ. ಎರಡೂ ಪದ ಪೂರ್ತಿ ಬರೆದು ಅಡಿಗೆರೆ ಹಾಕಿ: ಟೈರನೋಸಾರಸ್ ರೆಕ್ಸ್. ‘ಟಿ’ ಎಂದು ಚುಟುಕು ಮಾಡಿದಾಗ ಪಕ್ಕದಲ್ಲಿ ಚುಕ್ಕೆ ಇರಲಿ. ಡೈನೋಸಾರ್ ಎಂಬ ಗುಂಪಿನ ಹೆಸರಿಗೆ ಇದ್ಯಾವುದೂ ಬೇಡ. ಆದರೆ ಅದನ್ನು ‘ಡೈನೋಸಾರಸ್’ ಎಂದು ಬರೆಯಬೇಡಿ. ಆ ಹೆಸರನ್ನು 1847ರಲ್ಲೇ ರಷ್ಯಾದಲ್ಲಿ ಸಿಕ್ಕ ಬೇರೊಂದು ಪ್ರಾಣಿಗೆ ಇಟ್ಟಾಗಿದೆ. ಅದೂ ಡೈಮೆಟ್ರೋಡಾನ್‌ನಂತೆ ಸ್ತನಿಗಳ ಕಡೆಯದು.

ಟೈಟನೋಸಾರಸ್ ಬಗ್ಗೆ ನೀವು ಓದಿದ್ದರಲ್ಲಿ ಹುರುಳಿದೆ. ಇದು ನಮ್ಮ ದೇಶದ ಕತೆ, ನನಗೆ ತುಂಬಾ ಇಷ್ಟದ ಕತೆಯೂ ಹೌದು. 1828ರಲ್ಲಿ ಜಬಲ್ಪುರದ ಬಳಿ ವಿಲಿಯಂ ಸ್ಲೀಮನ್ ಎಂಬ ಸೇನಾಧಿಕಾರಿಗೆ ಬಾರಾ ಸಿಮ್ಲಾ ಗುಡ್ಡದಲ್ಲಿ ಮೂಳೆಗಳು ಸಿಕ್ಕವು. ನೆನಪಿಡಿ, ಡೈನೋಸಾರ್ ಎಂಬ ಪದ ಹುಟ್ಟುವುದಕ್ಕೆ ಇನ್ನೂ 14 ವರ್ಷ ಇತ್ತು. 1877ರಲ್ಲಿ ರಿಚರ್ಡ್ ಲಿಡೆಕರ್ ಅವುಗಳಲ್ಲಿನ ಬಾಲದ ಬೆನ್ನುಮೂಳೆಗಳನ್ನು ನೋಡಿ ಟೈಟನೋಸಾರಸ್ ಇಂಡಿಕಸ್ ಎಂದು ಹೆಸರಿಟ್ಟರು. ಆ ಮೂಳೆಯ ಮುಂದೆ ಗುಳಿ, ಹಿಂದೆ ಗುಂಡನೆಯ ಉಬ್ಬು. ಆಗ ಅದು ಅಪರೂಪದ ಲಕ್ಷಣ. ಆದರೆ ಮುಂದೆ ಅರ್ಜೆಂಟೀನಾ, ಯೂರೋಪ್, ಮಡಗಾಸ್ಕರ್ ಎಲ್ಲ ಕಡೆ ಅಂಥದೇ ಬಾಲದ ಮೂಳೆಗಳು ಸಿಗತೊಡಗಿದವು. ಸಿಕ್ಕಿದ್ದಕ್ಕೆಲ್ಲ ಟೈಟನೋಸಾರಸ್ ಎಂದೇ ಹೆಸರಿಟ್ಟರು. ಕೊನೆಗೆ ಇಡೀ ಗುಂಪಿಗೇ ಇರುವ ಲಕ್ಷಣ ಅದು ಎಂದಾಯಿತು. ಆ ಮೂಳೆ ಹಿಡಿದು ‘ಇದು ಈ ಪ್ರಾಣಿಯದೇ, ಬೇರೆಯದಲ್ಲ’ ಎಂದು ಹೇಳಲು ಆಗುವುದಿಲ್ಲ. ಹಾಗಾಗಿ 2003ರಲ್ಲಿ ಜೆಫ್ರಿ ವಿಲ್ಸನ್ ಮತ್ತು ಪಾಲ್ ಅಪ್‌ಚರ್ಚ್ ಎಲ್ಲವನ್ನೂ ಮರುಪರಿಶೀಲಿಸಿ, ಇದು ಸಂದೇಹದ ಹೆಸರು, ಬಳಸಬಾರದು ಎಂದರು. ಕಳೆದುಹೋಗಿದೆ ಎಂದುಕೊಂಡಿದ್ದ ಆ ಹಳೆಯ ಬಾಲದ ಮೂಳೆ 2012ರಲ್ಲಿ ಕೋಲ್ಕತ್ತಾದ ಭಾರತೀಯ ಭೂವೈಜ್ಞಾನಿಕ ಸರ್ವೇಕ್ಷಣೆಯ ಸಂಗ್ರಹದಲ್ಲೇ ಸಿಕ್ಕಿತು.

ಗುಂಪಿನ ಹೆಸರು ಮಾತ್ರ ಗಟ್ಟಿಯಾಗಿ ಉಳಿದಿದೆ. ‘ಟೈಟನೋಸಾರ್‌ಗಳು’ ಎಂದರೆ ಉದ್ದ ಕತ್ತಿನ ಡೈನೋಸಾರ್‌ಗಳ ಒಂದು ದೊಡ್ಡ ಬಳಗ. ಅದನ್ನು ಧೈರ್ಯವಾಗಿ ಬಳಸಿ. ಟೈಟನೋಸಾರಸ್ ಎಂಬ ಜಾತಿಯ ಹೆಸರನ್ನು ಇತಿಹಾಸ ಹೇಳುವಾಗ ಮಾತ್ರ ಬಳಸಿ. ಹೆಸರು ಬೀಳುವುದು, ಏಳುವುದು ಈ ಕ್ಷೇತ್ರದಲ್ಲಿ ಹೊಸದಲ್ಲ. ಬ್ರಾಂಟೋಸಾರಸ್ ಎಂಬ ಪ್ರಸಿದ್ಧ ಹೆಸರು 1903ರಲ್ಲಿ ಅಪಾಟೋಸಾರಸ್‌ನೊಳಗೆ ಸೇರಿಹೋಗಿತ್ತು. 2015ರಲ್ಲಿ ಮೂಳೆಗಳನ್ನು ಮತ್ತೆ ಅಳೆದು ನೋಡಿದವರು ಅದಕ್ಕೆ ಬೇರೆ ಸ್ಥಾನ ಸಲ್ಲಬೇಕು ಎಂದರು.

ಮಾದರಿಗೆ ನನ್ನ ಸಲಹೆ ರಾಜಸಾರಸ್ ನರ್ಮದೆನ್ಸಿಸ್. 1980ರ ದಶಕದ ಆರಂಭದಲ್ಲಿ ಗುಜರಾತಿನ ರಾಹಿಯೋಲಿಯಲ್ಲಿ ಅಗೆದ ಮೂಳೆಗಳು, 2003ರಲ್ಲಿ ಇಟ್ಟ ಹೆಸರು. ಎರಡು ಕಾಲಿನ ಮಾಂಸಾಹಾರಿ, ಹಣೆಯ ಮೇಲೆ ಗಿಡ್ಡ ಕೊಂಬು. ಹೆಸರಿನಲ್ಲೇ ನರ್ಮದೆ ಇದೆ. ಉದ್ದ ಕತ್ತಿನ ಸಸ್ಯಾಹಾರಿ ಬಾರಾಪಾಸಾರಸ್ ಟಾಗೋರಿ ಇನ್ನೊಂದು ಒಳ್ಳೆಯ ಆಯ್ಕೆ. ಈಗಿನ ತೆಲಂಗಾಣದ ಗೋದಾವರಿ ಕಣಿವೆಯದು, 1975ರಲ್ಲಿ ಹೆಸರಾಯಿತು. ‘ಬಾರಾ ಪಾ’ ಎಂದರೆ ದೊಡ್ಡ ಕಾಲು. ಮೂಳೆಗಳನ್ನು ಅಗೆದ 1961 ರವೀಂದ್ರನಾಥ ಟಾಗೋರರ ಜನ್ಮಶತಮಾನದ ವರ್ಷ, ಅದಕ್ಕೇ ಟಾಗೋರಿ. ಕೋಲ್ಕತ್ತಾದ ಇಂಡಿಯನ್ ಸ್ಟ್ಯಾಟಿಸ್ಟಿಕಲ್ ಇನ್‌ಸ್ಟಿಟ್ಯೂಟ್‌ನಲ್ಲಿ ಅದರ ಅಸ್ಥಿಪಂಜರ ನಿಂತಿದೆ. ಇದರಲ್ಲಿ ಒಂದು ತೊಡಕಿದೆ. ಅದರ ತಲೆಬುರುಡೆ ಸಿಕ್ಕಿಲ್ಲ. ಮಾದರಿ ಮಾಡಿದರೆ ತಲೆ ಊಹೆಯದ್ದು ಎಂದು ಲೇಬಲ್ಲಿನಲ್ಲಿ ಬರೆಯಬೇಕು.

‘ನಮ್ಮೂರಲ್ಲಿ ಸಿಗುತ್ತಾ’ ಎಂದು ನೋಡಲು ಬಂದವರು ಕೇಳಿಯೇ ಕೇಳುತ್ತಾರೆ. ದಾವಣಗೆರೆ ಸುತ್ತಿನ ಬಂಡೆಗಳು ಬಹುತೇಕ 250 ಕೋಟಿ ವರ್ಷಕ್ಕಿಂತ ಹಳೆಯವು. ಡೈನೋಸಾರ್ ಇರಲಿ, ಆಗ ಪ್ರಾಣಿಗಳೇ ಇರಲಿಲ್ಲ. ಹೊಲದಲ್ಲಿ ಸಿಕ್ಕ ಗುಂಡುಕಲ್ಲು ಮೊಟ್ಟೆಯಲ್ಲ ಎಂದು ಮಕ್ಕಳು ಧೈರ್ಯವಾಗಿ ಹೇಳಬಹುದು.

ಇನ್ನು ಬೋರ್ಡ್. ನಾಲ್ಕು ಮಾದರಿ ತೆಗೆದು ‘ಡೈನೋಸಾರ್ ಲೋಕ’ವನ್ನೇ ಉಳಿಸಿಕೊಳ್ಳಬಹುದು. ಯಾರೂ ತಪ್ಪು ಹೇಳುವುದಿಲ್ಲ, ಆದರೆ ಮಕ್ಕಳ ಅರ್ಧಕ್ಕಿಂತ ಹೆಚ್ಚು ಶ್ರಮ ಮೂಲೆ ಸೇರುತ್ತದೆ. ‘ಪ್ರಾಚೀನ ಸರೀಸೃಪಗಳು’ ಎಂದು ಹೆಸರು ಬದಲಿಸುವುದು ಸುಲಭ ಅನ್ನಿಸಬಹುದು. ಅಲ್ಲಿ ಡೈಮೆಟ್ರೋಡಾನ್ ಮತ್ತೆ ಸಿಕ್ಕಿಹಾಕಿಕೊಳ್ಳುತ್ತದೆ. ಹಳೆಯ ಪುಸ್ತಕಗಳು ಅದನ್ನು ಸರೀಸೃಪ ಎನ್ನುತ್ತವೆ, ಈಗ ಹಾಗೆ ಎಣಿಸುವುದಿಲ್ಲ. ನಾನಾದರೆ ಆರನ್ನೂ ಇಟ್ಟು, ಪಕ್ಕದಲ್ಲಿ ಒಂದು ಕೋಳಿಯ ಚಿತ್ರ ಅಂಟಿಸಿ, ‘ಇವುಗಳಲ್ಲಿ ಡೈನೋಸಾರ್ ಯಾವುದು?’ ಎಂದು ಬೋರ್ಡ್ ಹಾಕುತ್ತೇನೆ. ನೋಡುವವರು ಊಹಿಸಲಿ, ಮಕ್ಕಳು ಉತ್ತರ ಹೇಳಲಿ. ಹಿಂದೆ ಗೋಡೆಯ ಮೇಲೆ ಒಂದು ವಂಶವೃಕ್ಷ ಬರೆಸಿ. ಇದರಲ್ಲಿ ಅಪಾಯವೂ ಇದೆ. ಉತ್ತರ ಬಾಯಿಪಾಠವಾದರೆ ತೀರ್ಪುಗಾರರು ಕೇಳುವ ಎರಡನೇ ಪ್ರಶ್ನೆಗೇ ಮಕ್ಕಳು ತಡವರಿಸುತ್ತಾರೆ. ಹಾಗಾಗಿ ಒಬ್ಬೊಬ್ಬರಿಗೆ ಒಂದೊಂದು ಪ್ರಾಣಿ ಹಂಚಿ, ಅದು ಯಾವ ಕವಲು, ಯಾಕೆ ಎಂದು ಅವರದೇ ಮಾತಿನಲ್ಲಿ ಹೇಳಿಸಿ ಅಭ್ಯಾಸ ಮಾಡಿಸಿ. ಡೈಮೆಟ್ರೋಡಾನ್ ಜವಾಬ್ದಾರಿಯನ್ನು ಜಾಸ್ತಿ ಪ್ರಶ್ನೆ ಕೇಳುವ ಮಗುವಿಗೆ ಕೊಡಿ. ಟೆರೊಡ್ಯಾಕ್ಟೈಲ್ ಲೇಬಲ್ ಬರೆಯುವ ಮೊದಲು ತಲೆಯ ಹಿಂದಿನ ಜುಟ್ಟು ಮತ್ತು ಹಲ್ಲು ಇನ್ನೊಮ್ಮೆ ನೋಡಿ.